ಮುನ್ನೂರು ಸಲ ಎಸೆದ ದಾಳ

"ಅಕ್ಕಾ, ಬೇಜಾರು ಮಾಡ್ಕೋಬೇಡಿ. ಇದು ಎಸೆದು ಬರೆದ ಲೆಕ್ಕ ಅಲ್ಲ, ಸುಮ್ಮನೆ ಕೂತು ಬರೆದದ್ದು," ಎಂದು ಟೀಚರು ನೋಟ್‌ಬುಕ್ಕನ್ನು ಹಿಂದಕ್ಕೆ ಕೊಟ್ಟರು.

ಸಂಜೆ ಶಾಲೆಯ ಆ ತರಗತಿಯಲ್ಲಿ ಟೀಚರೇ ಎಲ್ಲರಿಗಿಂತ ಚಿಕ್ಕವರು. ನೋಟ್‌ಬುಕ್ಕು ದರ್ಜಿಯದು; ಎಂದೋ ಬಿಟ್ಟ ಹತ್ತನೇ ತರಗತಿಯನ್ನು ನಲವತ್ತೆರಡನೇ ವಯಸ್ಸಿಗೆ ಮತ್ತೆ ಹಿಡಿದವಳು ಅವಳು. ಮನೆಯಲ್ಲಿ ಮುನ್ನೂರು ಸಲ ದಾಳ ಎಸೆದು, ಯಾವ ಅಂಕಿ ಎಷ್ಟು ಸಲ ಬಿತ್ತೆಂದು ಬರೆದು ತರಬೇಕಿತ್ತು. ಉಳಿದವರ ಪಟ್ಟಿಯಲ್ಲಿ ಎಲ್ಲವೂ ಐವತ್ತರ ಆಸುಪಾಸು. ಇವಳದರಲ್ಲಿ ಆರು ತೊಂಬತ್ತಮೂರು ಸಲ, ಒಂದು ಬರೀ ಹತ್ತೊಂಬತ್ತು.

ಮನೆಗೆ ಬಂದವಳೇ ನೋಟ್‌ಬುಕ್ಕನ್ನು ಹೊಲಿಗೆ ಮೆಷಿನ್ನಿನ ಡ್ರಾಯರಿಗೆ ತುರುಕಿ, "ನಾಳೆಯಿಂದ ನಾ ಹೋಗಲ್ಲ ರೀ," ಎಂದಳು.

"ಯಾಕೆ, ಯಾರೇನಂದ್ರು?" ಎಂದ ಅವಳ ಗಂಡ, ಬಡಗಿ.

"ಸುಳ್ಳಿ ಅಂದ್ರು. ಬಾಯಿಬಿಟ್ಟು ಅನ್ಲಿಲ್ಲ, ಅಷ್ಟೇ. ಎರಡು ಸಂಜೆ ಬಟ್ಟೆ ಚೂರಿನ ಮೇಲೆ ಗೀಟು ಹಾಕಿ ಎಣಿಸಿದೀನಿ."

"ನಡಿ, ಈಗ್ಲೇ ಕೇಳ್ತೀನಿ. ನಿನ್ನ ಲೆಕ್ಕದಲ್ಲಿ ಒಂದು ಗುಂಡಿಯಾದ್ರೂ ಆಚೀಚೆ ಆಗಿದ್ದುಂಟಾ?"

"ಹಾಗಾದ್ರೆ ದಾಳ ಸರಿಯಿಲ್ಲ."

ಅವನ ಆವೇಶ ಅಲ್ಲೇ ನಿಂತಿತು. "ನಾನು ಮಾಡಿದ ದಾಳಾನಾ? ಮೂಲೆಮಟ್ಟ ಇಟ್ಟು ಕೊಯ್ದದ್ದು ಕಣೇ! ಕೂದಲೆಳೆಯಷ್ಟು ವ್ಯತ್ಯಾಸ ತೋರಿಸು, ಮೀಸೆ ಬೋಳಿಸ್ತೀನಿ."

"ಮೀಸೆ ಇಟ್ಕೊಳ್ಳಿ. ನಾನು ಸುಳ್ಳಿ, ಇಲ್ಲಾ ನಿಮ್ಮ ದಾಳ ಸುಳ್ಳು. ಎರಡರಲ್ಲಿ ಒಂದು ಒಪ್ಕೊಳ್ಳಿ."

ಅವನು ಆರೂ ಮುಖ ಅಳೆದ. ಎಲ್ಲವೂ ಸಮ. ಕೊನೆಗೆ ದಾಳವನ್ನು ನೀರಿನ ಚೊಂಬಿಗೆ ಹಾಕಿದ. ಅದು ಮೆಲ್ಲಗೆ ಹೊರಳಿ ಆರನ್ನು ಮೇಲೆ ಮಾಡಿತು. ಬೆರಳಿನಿಂದ ಮುಳುಗಿಸಿ ಬಿಟ್ಟ; ಮತ್ತೆ ಆರು. ತೆಗೆದು ತಿರುವಿ ನೋಡಿದ. ಆರರ ಎದುರು ಮುಖದಲ್ಲಿ ಒಂದು. ಆ ಒಂದೇ ಒಂದು ಚುಕ್ಕಿಯನ್ನು ಅವನು ಕೊರೆದಿರಲಿಲ್ಲ. ಮರದಲ್ಲೇ ಗುಂಡಗೆ ಕಪ್ಪಗೆ ಒಂದು ಗಂಟಿತ್ತು, ಅದನ್ನೇ ಚುಕ್ಕಿಯಾಗಿ ಉಳಿಸಿಕೊಂಡು ತನ್ನ ಜಾಣತನಕ್ಕೆ ತಾನೇ ಬೀಗಿದ್ದ. ಗಂಟು ಉಳಿದ ಮರಕ್ಕಿಂತ ಭಾರವೆಂದು ಮೂವತ್ತು ವರ್ಷಗಳಿಂದ ಬಲ್ಲವನು!

ಮರುದಿನ ಸಂಜೆ ಹೆಂಡತಿಯ ಹಿಂದೆ ಅವನೂ ತರಗತಿಗೆ ಬಂದ. ಕೂತಿದ್ದವರಲ್ಲಿ ಅರ್ಧ ಜನರ ಮನೆಗೆ ಬಾಗಿಲು ಕೂರಿಸಿದವನೇ ಅವನು. ಗಂಟಲು ಸರಿಮಾಡಿಕೊಂಡು, "ಮೇಡಂ, ಇವಳ ಲೆಕ್ಕ ಸರಿ. ನನ್ನ ಕೆಲಸ ಕೆಟ್ಟದ್ದು," ಎಂದು ಗಂಟು ತೋರಿಸಿದ.

ಟೀಚರು ದಾಳವನ್ನು ಅಂಗೈಯಲ್ಲಿ ಹೊರಳಿಸಿದರು. "ಹಾಗಾದ್ರೆ ಅಕ್ಕಾ, ಈಗ ನೂರು ಸಲ ಎಸೆದ್ರೆ ಆರು ಎಷ್ಟು ಸಲ ಬೀಳುತ್ತೆ? ಮೊದ್ಲೇ ಹೇಳಿ."

"ಮುನ್ನೂರಕ್ಕೆ ತೊಂಬತ್ತಮೂರು. ನೂರಕ್ಕೆ ಮೂವತ್ತೊಂದು. ಸ್ವಲ್ಪ ಹೆಚ್ಚುಕಮ್ಮಿ."

ಅದೇ ತರಗತಿಯಲ್ಲಿ ಓದುತ್ತಿದ್ದ ಬಸ್ ಡ್ರೈವರ್ ಅಂಗಿಯ ತೋಳು ಮಡಚಿ ಎಸೆಯತೊಡಗಿದ. ದರ್ಜಿ ಗೀಟು ಹಾಕುತ್ತ ಹೋದಳು.

"ಮನೇಲಿ ಇದ್ರಲ್ಲಿ ಏನಾಡ್ತೀರಿ?" ಟೀಚರು ಕೇಳಿದರು.

"ಆಟ ಎಲ್ಲಿ ಬಂತು! ಪಾತ್ರೆ ಯಾರು ತೊಳೀಬೇಕು ಅಂತ ದಿನಾ ಎಸೀತೀವಿ. ಒಂದು, ಎರಡು, ಮೂರಕ್ಕೆ ಅವರು. ನಾಲ್ಕು, ಐದು, ಆರಕ್ಕೆ ನಾನು..." ಅವಳ ಪೆನ್ಸಿಲ್ ನಿಂತಿತು. ಮುನ್ನೂರರ ಪಟ್ಟಿಯ ಪುಟಕ್ಕೆ ತಿರುವಿ ಆ ಮೂರು ಅಂಕಿಗಳ ಲೆಕ್ಕ ಕೂಡಿದಳು. "ರೀ! ನೂರಕ್ಕೆ ಅರವತ್ತಮೂರು ದಿನ ನಾನು! ಹನ್ನೊಂದು ವರ್ಷದಿಂದ!"

ತರಗತಿ ಗೊಳ್ಳೆಂದಿತು. "ದೇವರಾಣೆ ಗೊತ್ತಿರ್ಲಿಲ್ಲ ಕಣೇ," ಎಂದ ಬಡಗಿ ಕಿವಿ ಕೆಂಪಾಗಿಸಿಕೊಂಡು.

"ಮಾತು ಸಾಕು, ಎಣಿಕೆ ತಪ್ಪುತ್ತೆ," ಎಂದು ಡ್ರೈವರ್ ಗದರಿದ.

ತೊಂಬತ್ತೊಂಬತ್ತು ಎಸೆತಕ್ಕೆ ಆರು ಮೂವತ್ತು ಸಲ ಬಿದ್ದಿತ್ತು. ನೂರನೆಯದಕ್ಕೆ ಡ್ರೈವರ್ ಹುಮ್ಮಸ್ಸಿನಿಂದ ಬೀಸಿದ. ದಾಳ ಮೇಜಿನಿಂದ ಹಾರಿ ಬೆಂಚುಗಳ ಅಡಿಗೆ ಉರುಳಿತು.

"ನೆಲಕ್ಕೆ ಬಿದ್ದದ್ದು ಲೆಕ್ಕಕ್ಕುಂಟಾ, ಅಕ್ಕಾ?" ಟೀಚರು ಕೇಳಿದರು.

"ಉಂಟು ಮೇಡಂ. ಎಸೆದದ್ದೆಲ್ಲ ಬರೀಬೇಕು."

ಟೀಚರು ತಮ್ಮ ಕೆಂಪು ಪೆನ್ನನ್ನು ಅವಳ ಕೈಗೆ ಕೊಟ್ಟು, ಮಂಡಿಯೂರಿ, ಬೆಂಚಿನ ಅಡಿಗೆ ಬಗ್ಗಿದರು.