ಹುಲ್ಲಿನ ಪೊಟ್ಟಣ

ನಾಲ್ಕನೆಯ ಪುಟದ ನಡುವೆ ಶಿಹೊಳ ದನಿ ನಿಂತುಹೋಯಿತು. ಆಳೆತ್ತರದ ಮರದ ಪೀಪಾಯಿಗಳ ನಡುವೆ ಒಬ್ಬಳೇ ನಿಂತು ಅವಳು ಗಟ್ಟಿಯಾಗಿ ಓದುವ ಅಭ್ಯಾಸ ಮಾಡುತ್ತಿದ್ದಳು. ಬರುವ ಭಾನುವಾರ ಊರಿನ ಸಭಾಭವನದಲ್ಲಿ ಈ ವರ್ಷ ಗೆದ್ದ ಕಥೆಯನ್ನು ಅವಳು ಓದಬೇಕಿತ್ತು.

ಸೋಯಾ ಸಾಸ್ ಮಾಡುವ ಕುರಾತಾನಿ ಮನೆತನದವರು ಇಪ್ಪತ್ತಾರು ವರ್ಷಗಳಿಂದ ಸಣ್ಣಕಥೆಗೊಂದು ಪ್ರಶಸ್ತಿ ಕೊಡುತ್ತ ಬಂದಿದ್ದರು. ಮನೆಯವರು ತೀರ್ಪಿನಲ್ಲಿ ಬಾಯಿ ಹಾಕುವಂತಿಲ್ಲ, ಸ್ಪರ್ಧೆಗೆ ಕಥೆಯನ್ನೂ ಕಳಿಸುವಂತಿಲ್ಲ. ಅವರ ಪಾಲಿಗಿದ್ದ ಕೆಲಸ ಒಂದೇ. ಬಹುಮಾನದ ದಿನ ಮನೆಯ ಹೆಂಗಸು ಎದ್ದುನಿಂತು ಗೆದ್ದ ಕಥೆಯನ್ನು ಊರವರಿಗೆ ಓದಿ ಹೇಳಬೇಕು. ಹೋದ ವರ್ಷದವರೆಗೂ ಶಿಹೊಳ ಅತ್ತೆ ಕಿನು ಓದಿದ್ದರು. ಎಂಬತ್ತೊಂದರ ಅವರ ಕಣ್ಣಿಗೆ ಈಗ ಅಕ್ಷರಗಳೆಲ್ಲ ಕಲಸಿದ ಮಸಿಯಂತೆ ಕಾಣುತ್ತಿದ್ದವು. ಹಾಗಾಗಿ ಐವತ್ತಮೂರರ ಸೊಸೆ ಶಿಹೊಳ ಸರದಿ ಬಂದಿತ್ತು.

ಕಥೆಯಲ್ಲೊಬ್ಬಳು ಹೊಸ ಸೊಸೆ. ನಾತ್ತೊ ಇಲ್ಲದೆ ಬೆಳಗಿನ ಅನ್ನ ಮುಟ್ಟದ ದೂರದ ಸೀಮೆಯಿಂದ ಬಂದವಳು. ಸೋಯಾ ಸಾಸ್ ಮಾಡುವ ಮನೆಯಲ್ಲಾದರೋ ನೂಲುನೂಲಾಗಿ ಅಂಟುವ ಆ ಹುಳಿಸಿದ ಸೋಯಾ ಕಾಳನ್ನು ಹೊಸಿಲು ದಾಟಿಸುವುದಿಲ್ಲ. ಅದನ್ನು ಮುಟ್ಟಿದ ಕೈ ಕೋಜಿ ಕೋಣೆಗೆ ಹೋದರೆ ಸಾಕು, ಬೇಯಿಸಿದ ಕಾಳಿನ ಮೇಲೆ ಹಬ್ಬುತ್ತಿರುವ, ಸಾಸಿಗೆ ಬೇಕಾದ ಕೋಜಿ ಬೂಷ್ಟು ಲೋಳೆಯಾಗಿ ಹಾಳಾಗುತ್ತದೆ. ತಾಯಿ ಹುಲ್ಲಿನಲ್ಲಿ ಕಟ್ಟಿ ಕಳಿಸಿದ ಒಂದು ನಾತ್ತೊ ಪೊಟ್ಟಣವನ್ನು ಸೊಸೆ ಹಿತ್ತಲಲ್ಲಿ ನಿಂತು ಕದ್ದು ತಿಂದಳು. ಹುಲ್ಲಿನ ಹೊದಿಕೆಯನ್ನು ಬಚ್ಚಲೊಲೆಯ ಸೌದೆಯಡಿ ತುರುಕಿದಳು. ಮೂರನೆಯ ದಿನ ಕೋಣೆಯ ಕೋಜಿಯೆಲ್ಲ ಕೆಟ್ಟು ನಾರಿತು. ಅತ್ತೆ ತನ್ನ ಗಂಡನ ಮುಂದೆ ತಲೆತಗ್ಗಿಸಿ, ಕಿಟಕಿ ಮುಚ್ಚುವುದನ್ನು ಮರೆತೆ, ತಪ್ಪು ನನ್ನದೇ ಅಂದಳು.

ಇಷ್ಟನ್ನು ಈ ಊರಿನ ಯಾರು ಬೇಕಾದರೂ ಕಲ್ಪಿಸಿ ಬರೆಯಬಹುದಿತ್ತು. ಆದರೆ ಅದರ ಮುಂದಿನ ಸಾಲು ಹೀಗಿತ್ತು: ಅತ್ತೆ ಸೌದೆಯಡಿಯಿಂದ ಹುಲ್ಲಿನ ಪೊಟ್ಟಣವನ್ನು ಎಳೆದು, ಅದರ ಒಂದು ತುದಿಗೆ ಇನ್ನೂ ಕಟ್ಟಿಕೊಂಡಿದ್ದ ನೀಲಿ ಉಣ್ಣೆಯ ಎಳೆಯನ್ನು ಬಿಚ್ಚಿ ಒಂದು ಗಳಿಗೆ ಬೆರಳಿಗೆ ಸುತ್ತಿಕೊಂಡಳು. ಆಮೇಲೆ ಎರಡನ್ನೂ ಉರಿಗೆ ಹಾಕಿದಳು.

ಶಿಹೊಳ ತಾಯಿ ಹೆಣೆದು ಉಳಿದ ಉಣ್ಣೆಯಿಂದಲೇ ಎಲ್ಲವನ್ನೂ ಕಟ್ಟುತ್ತಿದ್ದಳು. ಶಿಹೊ ಈ ಮನೆಗೆ ಸೊಸೆಯಾಗಿ ಬಂದ ಚಳಿಗಾಲ ಅದು ನೀಲಿ.

ಇಪ್ಪತ್ತೆಂಟು ವರ್ಷ ಅವಳು ಬೇರೆಯೇ ಒಂದು ಲೆಕ್ಕ ನಂಬಿದ್ದಳು. ಪೊಟ್ಟಣ ತಾನಾಗಿ ಸುಟ್ಟುಹೋಯಿತು, ಅತ್ತೆ ನಿಜವಾಗಿಯೂ ತಮ್ಮ ಮರೆವನ್ನೇ ದೂರಿಕೊಂಡರು, ತಾನು ತಪ್ಪಿಸಿಕೊಂಡೆ ಎಂದು. ಅಂದಿನಿಂದ ಕಿನು ಕೋಜಿ ಕೋಣೆಯ ಕಿಟಕಿಯನ್ನು ಎರಡೆರಡು ಸಲ ಎಳೆದು ನೋಡುತ್ತಿದ್ದರು. ಪ್ರತಿ ಸಲವೂ ಶಿಹೊ ಬೇರೆ ಕೆಲಸದ ನೆಪ ಮಾಡಿ ಅಲ್ಲಿಂದ ಸರಿಯುತ್ತಿದ್ದಳು. ಅತ್ತೆಗೆ ಅವಳು ತೋರಿದ ಪ್ರೀತಿಯಲ್ಲೆಲ್ಲ ಒಂದು ಚೂರು ಕಳ್ಳತನ ಸೇರಿಕೊಂಡಿತ್ತು.

ಹಾಳೆಗಳನ್ನು ತಿರುವಿ ಮೊದಲ ಪುಟದ ಹೆಸರು ನೋಡಿದಳು. ಇವಾಮೊತೊ ಸೆತ್ಸು. ದೋಣಿಕಟ್ಟೆಯ ಹತ್ತಿರ ಹೆಂಗಸರ ಕೂದಲು ಕತ್ತರಿಸುವ ಅಂಗಡಿಯವರು, ಕಿನು ಅವರ ಬಾಲ್ಯದ ಗೆಳತಿ.

ಶಿಹೊ ಹಾಳೆಗಳನ್ನು ಹಿಡಿದು ಹಿತ್ತಲ ಬಾಗಿಲಿಗೆ ಬಂದಾಗ ಸೆತ್ಸು ಆಗಲೇ ಜಗಲಿಯಲ್ಲಿ ಕೂತು ಜಗಳ ತೆಗೆದಿದ್ದರು. ಕಿನು ಕೈಯ ಅಂದಾಜಿನಲ್ಲೇ ಮೂಲಂಗಿಯ ಸೀಳುಗಳನ್ನು ಬಿದಿರಿನ ಮೊರದಲ್ಲಿ ಹರಡುತ್ತಿದ್ದರು.

"ನಿನ್ನ ಮಾತು ಕೇಳಿ ಕೆಟ್ಟೆ ಕಣೇ ಕಿನು. ತೀರ್ಪು ಕೊಡೋ ನೆಜು ಮೇಷ್ಟ್ರು ಫೋನ್ ಮಾಡಿ, ಈ ಕಥೆ ಹೇಗೆ ಹೊಳೀತು ಅಂತ ಕೇಳ್ತಾರೆ! ಏನಂತ ಹೇಳ್ಲಿ? ಗಿರಾಕಿ ತಲೆ ತೊಳೀತಿದ್ದಾಗ ಹೊಳೀತು ಅಂದೆ."

"ಒಳ್ಳೇ ಉತ್ತರಾನೇ ಕೊಟ್ಟಿದ್ದೀಯ."

"ಒಳ್ಳೇದಂತೆ! ಭಾನುವಾರ ವೇದಿಕೆ ಮೇಲೆ ನಾನು ಏನು ಬೊಗಳ್ಲಿ? ಜೀವಮಾನದಲ್ಲಿ ಅಂಗಡಿ ದರಪಟ್ಟಿ ಬಿಟ್ರೆ ಬೇರೇನೂ ಬರೆದೋಳಲ್ಲ ನಾನು."

ಶಿಹೊ ಬಾಗಿಲಲ್ಲಿ ನಿಂತದ್ದನ್ನು, ಅವಳ ಕೈಯ ಹಾಳೆಗಳನ್ನು ಸೆತ್ಸು ನೋಡಿದರು. ಬಾಯಿ ಮುಚ್ಚಿಕೊಂಡರು. ಕಾಣದ ಕಿನು, "ಯಾರು, ಶಿಹೊನಾ?" ಅಂದರು.

"ಹೂಂ ಅತ್ತೆ. ಕಥೆ ಓದ್ತಾ ಇದ್ದೆ."

ಮೂಲಂಗಿ ಹರಡುತ್ತಿದ್ದ ಕೈ ನಿಂತಿತು. "ಎಲ್ಲೀವರೆಗೆ ಓದ್ದೆ?"

"ಸೌದೆವರೆಗೆ."

ಕಿನು ಸಿಕ್ಕಿಬಿದ್ದ ಮಕ್ಕಳ ದನಿಯಲ್ಲಿ ಒಪ್ಪಿಕೊಂಡರು. "ಹನ್ನೆರಡು ವರ್ಷದಿಂದ ಕಳಿಸ್ತಿದ್ದೀನಿ. ಮೇಷ್ಟ್ರಿಗೆ ನನ್ನ ಅಕ್ಷರ ಗೊತ್ತು ನೋಡು, ಅದಕ್ಕೆ ಇವಳ ಕೈಲಿ ನಕಲು ಮಾಡಿಸ್ತಿದ್ದೆ. ಒಂದು ಸಲಾನೂ ಮೊದಲನೇ ಸುತ್ತು ದಾಟಿರಲಿಲ್ಲ. ಸೋತೇ ಸೋಲ್ತೀನಿ ಅನ್ನೋ ಧೈರ್ಯದ ಮೇಲೇ ಕಳಿಸ್ತಿದ್ದದ್ದು."

"ಹನ್ನೆರಡು ವರ್ಷ ಸೋತಿದ್ದು ನನ್ನ ಹೆಸರಮ್ಮ, ಇವಳದ್ದಲ್ಲ," ಅಂದರು ಸೆತ್ಸು.

"ಸೋಲೋಕೆ ಯಾಕತ್ತೆ ಕಳಿಸೋದು?"

"ಕಳಿಸಿದ ಮೇಲೆ ಮೂರು ತಿಂಗಳು ಕಾಯೋದಿದೆಯಲ್ಲ, ಅದು ನಂಗಿಷ್ಟ. ಎಲ್ಲೋ ಯಾರೋ ನನ್ನ ಓದ್ತಿದ್ದಾರೆ ಅಂತ." ಅವರು ಏಪ್ರನ್ನಿಗೆ ಕೈ ಒರೆಸಿಕೊಂಡರು. "ಇದೇ ಕೊನೇದು. ಇದನ್ನ ಬರೆಯೋ ಹೊತ್ತಿಗೇ ಸಾಲಿನ ಮೇಲೆ ಸಾಲು ಹತ್ತಿಸಿಬಿಡ್ತಿದ್ದೆ. ಪಾಪ, ಇವಳು ಬೈಕೊಂಡು ಬಿಡಿಸಿದ್ಲು."

ಶಿಹೊ ಅವರ ಪಕ್ಕ ಕೂತಳು. ಹೇಳಬೇಕೆಂದದ್ದನ್ನು ಬಿಟ್ಟು ಬೇರೆಯೇ ಮಾತಾಡಿದಳು. "ಯಾರಿಗೂ ಗೊತ್ತಾಗಲ್ಲ ಅತ್ತೆ. ಸೆತ್ಸು ಚಿಕ್ಕಮ್ಮ ಸುಮ್ನೆ ಬಂದು ಕೂತರೆ ಸಾಕು. ನಾನು ಓದ್ತೀನಿ. ಇಡೀ ಊರು ಕೇಳುತ್ತೆ. ನೀವೂ ಕೇಳ್ತೀರಿ."

ಕಿನು ಅವರ ಮುಖದ ಮೇಲೆ ಆಸೆ ಎಷ್ಟು ನಿಚ್ಚಳವಾಗಿ ಮೂಡಿತೆಂದರೆ ಶಿಹೊ ಕಣ್ಣು ಬೇರೆ ಕಡೆ ತಿರುಗಿಸಿದಳು. ಅಂಥ ಆಸೆಯನ್ನು ಆ ಮುಖದಲ್ಲಿ ಅವಳು ಎಂದೂ ಕಂಡಿರಲಿಲ್ಲ.

"ಬೇಡ," ಅಂದರು ಕಿನು ಕೊನೆಗೆ. "ಮನೆಯವರು ಕಳಿಸಬಾರದು ಅನ್ನೋ ನಿಯಮ ನಿಮ್ಮ ಮಾವಂದು ಅಂತ ಎಲ್ರೂ ತಿಳ್ಕೊಂಡಿದ್ದಾರೆ. ನಂದು ಅದು. ಅವರು ಮನೆಯವರೂ ಬರೀಲಿ ಬಿಡೇ ಅಂದ್ರು. ದುಡ್ಡು ಕೊಡೋರೇ ಬಹುಮಾನ ಹೊಡ್ಕೊಂಡ್ರೆ ಊರಿನ ಹೆಣ್ಮಕ್ಕಳು ಯಾಕೆ ಬರೀತಾರೆ ಅಂತ ನಾನೇ ಹಟ ಹಿಡಿದಿದ್ದು. ಎರಡನೇ ಸ್ಥಾನದ ಕಥೆ ಯಾರದ್ದು?"

"ಮೀನು ಡಬ್ಬಿ ಕಾರ್ಖಾನೇಲಿ ಕೆಲಸ ಮಾಡೋ ಒಬ್ಬಳದಂತೆ. ಮೊದಲನೇ ಕಥೆಯಂತೆ."

"ಹಾಗಾದ್ರೆ ಅವಳಿಗೆ ಹೋಗ್ಲಿ. ನೀನೇ ಫೋನ್ ಮಾಡು. ಇವಳ ಕೈಗೆ ಕೊಟ್ರೆ ಮತ್ತೆ ತಲೆ ತೊಳೆಯೋ ಕಥೆ ಹೇಳ್ತಾಳೆ."

ಶಿಹೊ ಒಳಗೆ ಹೋಗಿ ನೆಜು ಮೇಷ್ಟ್ರಿಗೆ ಫೋನ್ ಮಾಡಿದಳು. ಇವಾಮೊತೊ ಅವರು ಕಥೆಯನ್ನು ಹಿಂದಕ್ಕೆ ತೆಗೆದುಕೊಳ್ಳುತ್ತಿದ್ದಾರೆ ಎಂದಷ್ಟೇ ಹೇಳಿದಳು.

"ನಾವು ಮೂವರೂ ಕಿತ್ತಾಡದೆ ಆರಿಸಿದ ಮೊದಲ ಕಥೆ ಅಮ್ಮಾ ಇದು," ಅಂದರು ಮೇಷ್ಟ್ರು. "ಕಾರಣ ಕೇಳಲ್ಲ ಬಿಡಿ. ಹಸ್ತಪ್ರತಿ ಬರೆದವರಿಗೇ ತಲುಪಿಸಿ." ಫೋನ್ ಇಡುವ ಮುಂಚೆ, ತಡೆದು, "ನಿಮ್ಮತ್ತೆಗೆ ನನ್ನ ನಮಸ್ಕಾರ ತಿಳಿಸಿ," ಎಂದರು.

ಅವಳು ಜಗಲಿಗೆ ಮರಳಿದಾಗ ಇಬ್ಬರೂ ಮುದುಕಿಯರು ಏನೂ ಆಗದವರಂತೆ ಮೂಲಂಗಿಯ ಬೆಲೆ ಮಾತಾಡುತ್ತಿದ್ದರು. ಶಿಹೊ ಎದುರಿಗೆ ಮೊಣಕಾಲೂರಿ ಕೂತಳು.

"ಅತ್ತೆ, ಆ ದಿನ ನಾನು..."

"ಕಥೆ ಅಂದ್ಮೇಲೆ ಏನೇನೋ ಬರುತ್ತೆ ಕಣೇ," ಕಿನು ತಡೆದರು. ಆಮೇಲೆ ಮೊರದ ಕಡೆಗೇ ಮುಖವಿಟ್ಟು, "ನಿಮ್ಮಮ್ಮ ಕಟ್ಟಿದ ಗಂಟು ಎಷ್ಟು ಬಿಗಿಯಾಗಿತ್ತು ಗೊತ್ತಾ? ಮಗಳು ಅಲ್ಲಿ ಹೇಗಿದ್ದಾಳೋ ಅಂತ ಎಳೆದೆಳೆದು ಕಟ್ಟಿದ್ರು. ಮನಸ್ಸಿಲ್ಲದ ಮನಸ್ಸಿಂದ ಬಿಚ್ಚಿದೆ," ಅಂದರು.

ಸೆತ್ಸು ಜೋರಾಗಿ ಮೂಗು ಸೀಟಿಕೊಂಡರು.

ಶಿಹೊ ಹಾಳೆಗಳನ್ನು ತೊಡೆಯ ಮೇಲಿಟ್ಟು ಅಂಚು ಸರಿಮಾಡಿದಳು. ಕಣ್ಣು ಮಂಜಾಗಿತ್ತು. ಒರೆಸಿಕೊಂಡಳು. "ಅತ್ತೆ, ಇದನ್ನ ಯಾರಾದ್ರೂ ಓದಿದ್ದನ್ನ ನೀವು ಕೇಳಿದ್ದೀರಾ?"

"ಇಲ್ಲ."

"ಓದ್ಲಾ?"

ಕಿನು ಮೊರವನ್ನು ಪಕ್ಕಕ್ಕೆ ಸರಿಸಿದರು. ಏಪ್ರನ್ ಬಿಚ್ಚಿ ನಾಲ್ಕು ಮಡಿಕೆ ಮಾಡಿ ಬೆನ್ನ ಹಿಂದೆ ಇಟ್ಟರು. ಹಣೆಯ ಮೇಲಿನ ಬಿಳಿ ಕೂದಲನ್ನು ಹಿಂದಕ್ಕೆ ಸವರಿದಾಗ ಅದು ಮತ್ತೆ ಜಾರಿತು. ಸೆತ್ಸು ತಮ್ಮ ತಲೆಯ ಪಿನ್ನೊಂದನ್ನು ಕಿತ್ತು ಬಾಯಲ್ಲಿ ಅಗಲಿಸಿ ಗೆಳತಿಗೆ ಸಿಕ್ಕಿಸಿದರು. ಕಿನು ಬೆನ್ನು ನೆಟ್ಟಗೆ ಮಾಡಿ, ಮೊಣಕಾಲು ಕೂಡಿಸಿ, ಕೈಗಳೆರಡನ್ನೂ ತೊಡೆಯ ಮೇಲಿಟ್ಟು, ಸ್ವಲ್ಪ ತಲೆ ತಗ್ಗಿಸಿ ಕೂತರು.