ಹಿಂದಿನ ಕುದುರೆಯ ದಾರ

ಚಪಳಗಾಂವದ ಧೂಳಪ್ಪನಿಗೆ ಸಿಟ್ಟು ಬಂದದ್ದು ತೋಳದ ಮೇಲಲ್ಲ, ದೇವರ ದಾರದ ಮೇಲೆ. ತೋಳಕ್ಕೆ ಹೊಟ್ಟೆ ಇದೆ, ಅದು ಬಂದೇ ಬರುತ್ತದೆ. ಆದರೆ ಬೀರೋಬಾ ದೇವರು ತನ್ನ ಕುರುಬನ ಕೈಯನ್ನೇ ಕಟ್ಟಿಹಾಕುವುದೆ?

ಧೂಳಪ್ಪನ ಮನೆಯಲ್ಲಿ ಅಜ್ಜ ಪೀರಪ್ಪನ ಕಾಲದ ಬಂದೂಕೊಂದಿತ್ತು. ನಳಿಗೆ ಒಂದೇ, ಕುದುರೆ ಎರಡು. ಕುದುರೆಯೆಂದರೆ ಗುಂಡು ಹಾರಿಸುವಾಗ ಟಪ್ಪನೆ ಬಡಿಯುವ ಕೊಕ್ಕೆ. ಎಲ್ಲ ಬಂದೂಕಿಗೂ ಅದು ಹಿಂದುಗಡೆ, ಹೆಬ್ಬೆರಳಿಗೆ ಸಿಗುವಂತೆ ಇರುತ್ತದೆ. ಇದಕ್ಕೆ ಅಲ್ಲೊಂದು ಇದ್ದದ್ದು ಸಾಲದೆ, ಗೇಣು ಮುಂದೆ ನಳಿಗೆಯ ಮೇಲೆ ಇನ್ನೊಂದಿತ್ತು. ಮದ್ದು ಗುಂಡಿನ ಎರಡು ಬಾರುಗಳನ್ನು ಒಂದರ ಮೇಲೊಂದು ಜಡಿದು, ನಡುವೆ ಕುರಿಯ ಕೊಬ್ಬು ಸವರಿದ ಉಣ್ಣೆಯ ಉಂಡೆ ಬಿಗಿದರೆ ಎರಡು ಸಲ ಹಾರುತ್ತದೆಂದು ಅಪ್ಪ ತೋರಿಸಿಕೊಟ್ಟಿದ್ದ. ತುಂಬುವುದನ್ನು ಕಲಿಸಿದ ಅಪ್ಪ, ಹಾರಿಸುವುದನ್ನು ಕಲಿಸುವ ಮೊದಲೇ ತೀರಿಹೋದ.

ಹಿಂದಿನ ಕುದುರೆಗೆ ಕರಿ ಉಣ್ಣೆಯ ದಾರ ಸುತ್ತಿತ್ತು. ಅದು ಬೀರೋಬಾನ ದಾರ; ಕೈ ತೊಳೆದು, ಭಂಡಾರ ಅಂದರೆ ದೇವರ ಅರಿಶಿನ ಹಣೆಗೆ ಹಚ್ಚಿಕೊಂಡೇ ಬಿಚ್ಚಬೇಕು. ಅಪ್ಪ ಹಾಗೆ ಬಿಚ್ಚುವುದನ್ನು ಧೂಳಪ್ಪ ಚಿಕ್ಕಂದಿನಲ್ಲಿ ಕಂಡಿದ್ದ.

ಎಪ್ಪತ್ತಾರನೆಯ ಇಸವಿಯ ಚಳಿಗಾಲದ ಒಂದು ಸಂಜೆ ತೋಳ ದೊಡ್ಡಿಗೆ ನುಗ್ಗಿತು. ಆಗಷ್ಟೇ ಕುರಿಯೊಂದರ ಹೆರಿಗೆ ಮಾಡಿಸಿ ಧೂಳಪ್ಪನ ಎರಡೂ ಕೈ ರಕ್ತವಾಗಿದ್ದವು. ತುಂಬಿಟ್ಟಿದ್ದ ಬಂದೂಕು ಎತ್ತಿ ಗುರಿ ಹಿಡಿದ. ಹಿಂದಿನ ಕುದುರೆ ಮೊದಲು, ಮುಂದಿನದು ಆಮೇಲೆ ಎಂದು ಅವನ ಲೆಕ್ಕ. ಹೆಬ್ಬೆರಳಿಗೆ ದಾರ ತಾಗಿತು. ಎಷ್ಟಾದರೂ ದೇವರದ್ದು, ಮೈಲಿಗೆಯ ಕೈಯಲ್ಲಿ ಹೇಗೆ ಮುಟ್ಟುವುದು? ಕೊಡದ ಹತ್ತಿರ ಓಡಿದ, ಕೈ ತೊಳೆದ, ಭಂಡಾರ ಹಚ್ಚಿಕೊಂಡ. ತಿರುಗಿ ನೋಡಿದರೆ ತೋಳವೂ ಇಲ್ಲ, ಅವನ ಮುದ್ದಿನ ಟಗರುಮರಿಯೂ ಇಲ್ಲ.

“ತೋಳಕ್ಕೂ ಒಂಚೂರು ಭಂಡಾರ ಹಚ್ಚಿ ಕಳಸಬೇಕಿತ್ರಿ,” ಎಂದಳು ಹೆಂಡತಿ ಬೀರವ್ವ. “ಪಾಪ, ಹಂಗೇ ಹೋತು.”

ಧೂಳಪ್ಪನಿಗೆ ಉರಿದುಹೋಯಿತು. ಆ ದಾರವನ್ನು ತೆಗೆದೇ ಹಾಕಬೇಕೆಂದು ನಿಶ್ಚಯಿಸಿದ. ಆದರೆ ತಾನು ಕತ್ತರಿಸಲು ಧೈರ್ಯವಿಲ್ಲ; ಪೇಟೆಯವರು ಕತ್ತರಿಸಿದರೆ ದೋಷವೂ ಪೇಟೆಯವರಿಗೇ ಎಂದು ಹಂಚಿಕೆ ಹಾಕಿ, ಮರುದಿನ ಬಂದೂಕನ್ನು ಕಂಬಳಿಯಲ್ಲಿ ಸುತ್ತಿಕೊಂಡು ಎಸ್.ಟಿ. ಬಸ್ಸು ಹತ್ತಿದ. ತುಂಬಿದ ಬಂದೂಕು ತೊಡೆಯ ಮೇಲೆ ಮಲಗಿ ಸೊಲ್ಲಾಪುರದವರೆಗೆ ಕುಲುಕಾಡುತ್ತ ಬಂತು. ಪುಣ್ಯಾತ್ಮ ನಡುವೆ ಒಂದು ನಿದ್ದೆಯನ್ನೂ ಮಾಡಿದ.

ವಿಜಾಪುರ ರಸ್ತೆಯಲ್ಲಿ ಶಾಂತಲಿಂಗಪ್ಪನವರದು ಬಂದೂಕು, ಕಾಡತೂಸುಗಳ ಅಂಗಡಿ. “ಸಾವಕಾರ್ರ, ಈ ದಾರ ಕತ್ತರಿಸಿ ಕೊಡ್ರಿ. ಇದರ ಕಾಲಾಗ ನನ್ನ ಮರಿ ಹೋತು,” ಎಂದ ಧೂಳಪ್ಪ.

ಶಾಂತಲಿಂಗಪ್ಪ ಕನ್ನಡಕ ಏರಿಸಿ ನೋಡಿದರು. “ನಲವತ್ತು ವರ್ಷದ ಧಂದೆ ನಂದು, ಇಂಥಾದ್ದು ನೋಡಿಲ್ಲ. ಒಳಗ ದಾರೂ ಐತೇನಪಾ?”

“ಏನ್ ಮಾತಾಡ್ತೀರಿ ಸಾವಕಾರ್ರ! ನಮ್ಮ ಮನ್ಯಾಗ ಯಾರೂ ಕುಡಿಯಾಂಗಿಲ್ಲ.”

“ಕುಡಿಯೂ ದಾರೂ ಅಲ್ಲೋ ಮಾರಾಯಾ! ಮರಾಠ್ಯಾಗ ಮದ್ದಿಗೂ ದಾರೂನ ಅಂತಾರ. ಮದ್ದು ತುಂಬಿಯೇನು?”

“ಹೂಂನ್ರಿ, ಎರಡೂ ಬಾರು ತುಂಬೇನಿ.”

ನಳಿಗೆಯ ಬಾಯಿ ಆಗ ಶಾಂತಲಿಂಗಪ್ಪನವರ ಹೊಟ್ಟೆಯ ಕಡೆಗೇ ಇತ್ತು. ಅವರು ಬಂದೂಕನ್ನು ಮೆಲ್ಲಗೆ ಗೋಡೆಯ ಕಡೆಗೆ ತಿರುಗಿಸಿ, ನಳಿಗೆಗೆ ನೀರು ಸುರಿದರು. ತುದಿಗೆ ತಿರುಪಿದ್ದ ಕಬ್ಬಿಣದ ಸರಳು ಹಾಕಿ ಎರಡೂ ಬಾರುಗಳನ್ನು ಒಂದೊಂದಾಗಿ ಹೊರಗೆ ಎಳೆದರು. ಆಮೇಲೆ ಸರಳನ್ನು ನಳಿಗೆಯ ಮೇಲಿಟ್ಟು, ಯಾವ ಬಾರು ಯಾವ ಕುದುರೆಯ ಕೆಳಗೆ ಕುಳಿತಿತ್ತೆಂದು ಅಳೆದರು.

“ಯಾವ ಕುದುರಿ ಮೊದಲ ಎಳ್ಯಾಂವ ಇದ್ದಿ?”

“ಹಿಂದಿಂದು.”

“ಮುಂದಿನ ಗುಂಡು ನಳಿಗಿಗೆ ಬೂಚ ಹಾಕಿದಂಗ ಕುಂತಿತ್ತೋ. ಮುಂದಿಂದು ಹಾರಿದ ಮ್ಯಾಲೇ ಹಿಂದಿಂದಕ್ಕ ದಾರಿ. ಹಿಂದಿಂದು ಮೊದಲ ಹೊಡದಿದ್ರ ನಳಿಗಿ ಒಡದು ನಿನ್ನ ಮಾರಿಗೇ ಬರ್ತಿತ್ತು. ಈ ದಾರ ನಿನ್ನ ಎರಡೂ ಕಣ್ಣು ಉಳಿಸೈತಿ. ಕತ್ತರಿಸಂತ ನನ್ನ ಕಡೆ ತಂದೀಯಲ್ಲ!”

ಧೂಳಪ್ಪ ಬಂದೂಕನ್ನು ಎಳೆದುಕೊಂಡು ದಾರವನ್ನು ತಡವಿದ. “ಇದನ್ನ ಕಟ್ಟಿದಾಂವ ಯಾರ್ರಿ?” ಎಂದು ಕೇಳಿದ.

ಹಿಡಿಕೆಯ ಅಡಿಯಲ್ಲಿ ಮಸುಕಾಗಿ ‘ಅಣ್ಣಾರಾಯ, ಅಕ್ಕಲಕೋಟ’ ಎಂದು ಕೊರೆದಿತ್ತು. ಶಾಂತಲಿಂಗಪ್ಪ ಅದನ್ನು ಓದಿ, ಬಂದೂಕು ಮಾಡಿದವನನ್ನೇ ಹೋಗಿ ಕೇಳೆಂದರು. ಖಾಲಿ ಬಂದೂಕು ಹೊತ್ತು ಧೂಳಪ್ಪ ಅಕ್ಕಲಕೋಟೆಗೆ ಹೋದ. ಕಮ್ಮಾರ ಅಣ್ಣಾರಾಯ ಸತ್ತು ಬಹಳ ಕಾಲವಾಗಿತ್ತು. ಹಳೆ ಅರಮನೆಯ ಹಿಂದಿನ ಓಣಿಯಲ್ಲಿ ಅವನ ಮಗಳು ಸಕ್ಕುಬಾಯಿ ಇದ್ದಳು. ಎಪ್ಪತ್ತೈದು ದಾಟಿದ, ಕಣ್ಣು ಮಂಜಾದ ಮುದುಕಿ. ತಾನು ಪೀರಪ್ಪನ ಮೊಮ್ಮಗನೆಂದು ಧೂಳಪ್ಪ ಹೇಳಿದ. ಬಂದೂಕಿನ ಮೇಲೆ ಕೈಯಾಡಿಸಿ, ಎರಡು ಕುದುರೆ ಸಿಕ್ಕಿದ್ದೇ ತಡ, ಅವಳ ಕಣ್ಣು ತುಂಬಿದವು.

“ಅಪ್ಪ ಇಂಥಾವು ಮೂರು ಮಾಡಿದ್ದ ತಮ್ಮಾ. ಒಂದನೇದು ಅವನ ಎರಡು ಬೆರಳು ತಗೊಂತು. ಎರಡನೇದಕ್ಕ ನಮ್ಮ ಕಾಕಾನ ಕಣ್ಣು ಹೋತು. ಊರಿಗೆ ಊರೇ ನಕ್ಕಿತು. ನಿಮ್ಮಜ್ಜ ಉಣ್ಣಿ, ಕೊಬ್ಬು ತಂದು ಕೊಟ್ಟಮ್ಯಾಲ ಇದೊಂದು ಸರಿಯಾತು. ಅದಕ್ಕ ಅವಗೇ ಕೊಟ್ಟ.”

“ದಾರ, ಆಯಿ?”

“ಮುಂದಿಂದು ಮೊದಲ ಅಂತ ಅಪ್ಪ ಹತ್ತು ಸರ್ತಿ ಹೇಳಿದ. ನಿಮ್ಮಜ್ಜ ಅಂದ, ‘ನಾ ಮರ್ಯಾಂಗಿಲ್ಲ, ನನ್ನ ಮೊಮ್ಮಕ್ಕಳು ಮರೀತಾರ. ಹೇಳಿದ ಮಾತು ಮರೀತಾರ, ಬೀರೋಬಾನ ದಾರ ಹರಿಯಾಂಗಿಲ್ಲ.’ ತನ್ನ ಕಂಬಳಿದ ಒಂದು ಎಳಿ ಕಿತ್ತು, ಇದೇ ಕಟ್ಟಿ ಮ್ಯಾಲ ಕುಂತು ಕಟ್ಟಿದ. ನಾ ಸಣ್ಣಾಕಿ, ನೋಡಿಕೋತ ನಿಂತಿದ್ದೆ.”

ಧೂಳಪ್ಪನಿಗೆ ಈಗ ಅಪ್ಪನ ನೆನಪು ಪೂರ್ತಿಯಾಗಿ ಬಂತು. ಮೊದಲ ಸದ್ದಿಗೇ ಹೆದರಿ ಕಿವಿ ಮುಚ್ಚಿಕೊಂಡು ತಾನು ಒಳಗೆ ಅಡಗುತ್ತಿದ್ದ. ಹೊರಗೆ ಇಣುಕುವ ಹೊತ್ತಿಗೆ ಅಪ್ಪ ಕೈ ತೊಳೆಯುತ್ತಿರುತ್ತಿದ್ದ. ಎರಡು ಗುಂಡುಗಳ ನಡುವಿನ ಪೂಜೆಯನ್ನೇ ಮೊದಲ ಪೂಜೆಯೆಂದು ಇಷ್ಟು ವರ್ಷ ತಿಳಿದಿದ್ದ.

ಅಜ್ಜನ ಮುಖವನ್ನು ಅವನು ಕಂಡವನಲ್ಲ. ತಾನು ಹುಟ್ಟುವ ಮೊದಲೇ ಸತ್ತವನು ತನ್ನ ಮರೆವನ್ನೂ ತನ್ನ ಭಕ್ತಿಯನ್ನೂ ಬಲ್ಲವನಾಗಿದ್ದ, ತನ್ನ ಕಣ್ಣುಗಳ ಚಿಂತೆ ಮಾಡಿದ್ದ. ಆ ಕಟ್ಟೆಯ ಮೇಲೆ ಹಣೆ ಹಚ್ಚಿ ಧೂಳಪ್ಪ ಅತ್ತ. ನಲವತ್ತೈದರ ಗಂಡಸು ಎಂಬ ನಾಚಿಕೆಯೂ ಆಗಲಿಲ್ಲ.

ದಾರ ಬಿಚ್ಚಿಕೊಂಡು ಬಂದೂಕನ್ನು ಸಕ್ಕುಬಾಯಿಯ ಮುಂದಿಟ್ಟ. “ನಿಮ್ಮಪ್ಪಂದು, ನಿಮ್ಮಲ್ಲೇ ಇರಲಿ ಆಯಿ. ನಮ್ಮ ಮನ್ಯಾಗ ಇದು ಯಾರಿಗೂ ಏನೂ ಮಾಡಿಲ್ಲ.”

“ಈ ಮಾತು ಹೇಳಿದಾಂವ ನೀನೇ ಮೊದಲ,” ಎಂದು ಮುದುಕಿ ಅವನ ತಲೆಯ ಮೇಲೆ ಕೈಯಿಟ್ಟಳು.

ಹೊತ್ತು ಮುಳುಗುವ ಮುಂಚೆ ಮನೆ ಸೇರಿದ. “ದಾರ ಕತ್ತರಿಸಿ ಬಂದ್ರಿ?” ಎಂದು ಬೀರವ್ವ ನಗುತ್ತ ಕೇಳಿದಳು. ಧೂಳಪ್ಪ ನಿಂತಲ್ಲೇ ಎಲ್ಲ ಹೇಳಿ, ದಾರವಿದ್ದ ಅಂಗೈ ಮುಂದೆ ಚಾಚಿದ. ಭಂಡಾರ ಹಚ್ಚಲಿ ಎಂದು.

ಅವಳು ನಗಲಿಲ್ಲ. ದೇವರ ಮುಂದಿನ ಚೀಲದಿಂದ ಚಿಟಿಕೆ ಭಂಡಾರ ತಂದಳು. ದಾರಕ್ಕೆ ಹಚ್ಚಲಿಲ್ಲ.

“ಕಣ್ಣು ಮುಚ್ರಿ,” ಎಂದು ಅವನ ಎರಡೂ ರೆಪ್ಪೆಗೆ ಹಚ್ಚಿದಳು.