ಬೋರಲು ಮಲಗಿದವರ ಓಟು

"ಏನ್ಲಾ ಪಿಂತಿಲಿ, ಸವ್ತೆಕಾಯಿಗೆ ಅಡ್ಡಬಿದ್ದಿದ್ದೀಯೋ, ಇಲ್ಲಾ ಗೊರಕೆ ಹೊಡೀತಿದ್ದೀಯೋ? ನಿನ್ ಸಾಲಲ್ಲಿ ಅರ್ಧಕ್ಕರ್ಧ ಬಳ್ಳೀಲೇ ಉಳ್ಕತಾ ಅದೆ, ಬೇವರ್ಸಿ."

ಹೀಗೆ ಬೈದವನು ನಮ್ಮ ಮೇಸ್ತ್ರಿ ಜಹಾರಿಯ. ಟ್ರ್ಯಾಕ್ಟರಿನ ಹಿಂದೆ ನಡೆದು ಬರುತ್ತಿದ್ದ. ಪಿಂತಿಲಿ ಎಂದರೆ ನಾನು; ಅದರ ರೆಕ್ಕೆಯ ಮೇಲೆ ಬೋರಲು ಮಲಗಿದ್ದೆ. ಟ್ರ್ಯಾಕ್ಟರಿನ ಎರಡೂ ಬದಿಗೆ ಚಾಚಿದ ಉದ್ದನೆಯ ಹಲಗೆಗೆ ನಾವು ರೆಕ್ಕೆ ಎನ್ನುತ್ತೇವೆ. ಒಂದೊಂದು ರೆಕ್ಕೆಗೆ ಹತ್ತು ಜನ. ಹೊಟ್ಟೆಯ ಮೇಲೆ ಮಲಗಿ, ತಲೆಯನ್ನು ಕೆಳಗೆ ಇಳಿಬಿಟ್ಟು, ನಿಧಾನಕ್ಕೆ ಸರಿಯುವ ಬಳ್ಳಿಗಳಿಂದ ಎರಡೂ ಕೈಯಲ್ಲಿ ಸೌತೆಕಾಯಿ ಕೀಳುತ್ತೇವೆ. ಜರ್ಮನಿಯ ಆಕಾಶ ಯಾವ ಬಣ್ಣ ಎಂದು ಏಳು ವರ್ಷದಿಂದ ಇಲ್ಲಿಗೆ ಬರುತ್ತಿರುವ ನನ್ನನ್ನು ಕೇಳಬೇಡಿ. ಮಣ್ಣಿನ ಬಣ್ಣ ಕೇಳಿ, ಹೇಳುತ್ತೇನೆ.

ಊರಿನಲ್ಲಿ ನನ್ನ ಹೆಂಡತಿ, ಗಂಡನಿಗೆ ವಿಮಾನದಲ್ಲಿ ಕೆಲಸ ಎಂದು ಹೇಳಿಕೊಂಡಿದ್ದಾಳೆ. ರೆಕ್ಕೆಯಿದೆ, ಅದರ ಮೇಲೆ ಆರಾಮಾಗಿ ಮಲಗಿರುತ್ತೇನೆ ಎಂದು ಫೋನಿನಲ್ಲಿ ಹೇಳಿದ್ದು ನಾನೇ. ಹಾರುತ್ತದೆ ಎಂದು ನಾನು ಹೇಳಲಿಲ್ಲ. ಹಾರುವುದಿಲ್ಲ ಎಂದೂ ಹೇಳಲಿಲ್ಲ. ದೇವರು ಕ್ಷಮಿಸಬೇಕು.

"ತಪ್ಪಾಯ್ತು ಧಣಿ" ಎಂದೆ. ಮುಖ ನೆಲಕ್ಕಿದ್ದದ್ದರಿಂದ ಆ ಮಾತು ಧಣಿಗಿಂತ ಮೊದಲು ಬಳ್ಳಿಗೇ ಮುಟ್ಟಿತು. ಈ ಧಣಿ ನಮ್ಮೂರವನೇ. ಇವನ ದೀಕ್ಷಾಸ್ನಾನದ ದಿನ ಇವನನ್ನು ಚರ್ಚಿಗೆ ಎತ್ತಿಕೊಂಡು ಹೋದವನು ನಾನು. ದಾರಿಯಲ್ಲಿ ನನ್ನ ಒಂದೇ ಒಂದು ಕೋಟಿನ ಮೇಲೆ ಉಚ್ಚೆ ಹೊಯ್ದಿದ್ದ. ಆ ಅಭ್ಯಾಸವನ್ನು ಇನ್ನೂ ಬಿಟ್ಟಿಲ್ಲ.

ಆ ಭಾನುವಾರ ನಮ್ಮ ಮೊಲ್ದೋವಾದಲ್ಲಿ ಓಟು. ಯುರೋಪಿನ ಒಕ್ಕೂಟ ಸೇರೋಣವೋ ಬೇಡವೋ ಎಂದು ದೇಶ ತನ್ನ ಜನರನ್ನು ಕೇಳಿತ್ತು. ಇಲ್ಲಿದ್ದವರು ಬರ್ಲಿನ್ನಿಗೆ ಹೋಗಿ ಮುದ್ರೆ ಒತ್ತಬಹುದಿತ್ತು. ಹೊಟ್ಟೆಯ ಮಟ್ಟಿಗೆ ನಾವು ಆಗಲೇ ಯುರೋಪನ್ನು ಸೇರಿಯಾಗಿತ್ತು. ಆದರೆ ನಮ್ಮ ಪಾಸ್‌ಪೋರ್ಟಿಗೆ ಇಲ್ಲಿ ಕೂಲಿ ಸಿಗುವುದು ವರ್ಷಕ್ಕೆ ಮೂರು ತಿಂಗಳು, ಅದೂ ಜಹಾರಿಯ ಬರೆದುಕೊಡುವ ಪಟ್ಟಿಯಲ್ಲಿ ಹೆಸರಿದ್ದರೆ. ನನ್ನ ಮನೆಗೆ ಹೊಸ ಚಾವಣಿ ಬಂದದ್ದು, ಮಗಳ ಮದುವೆಯಾದದ್ದು ಆ ಪಟ್ಟಿಯಿಂದ. ದೇಶ ಒಳಗೆ ಸೇರಿದರೆ ಪಟ್ಟಿಯ ಹಂಗಿಲ್ಲ, ಯಾರು ಬೇಕಾದರೂ ತಾನೇ ಬಂದು ತಾನೇ ಕೆಲಸ ಕೇಳಬಹುದು. ಇಷ್ಟನ್ನೂ ನನಗೆ ಬಿಡಿಸಿ ಹೇಳಿದವಳು ಗ್ಲಿಕೇರಿಯ. ಊರಿನಲ್ಲಿ ಪಕ್ಕದ ಮನೆಯವಳು, ರೆಕ್ಕೆಯ ಮೇಲೆ ಪಕ್ಕದ ಜಾಗದವಳು. ಗಂಡ ಸತ್ತ ಮೇಲೆ ಅವಳ ಬಾಯಿಗೆ ತಡೆಯಿಲ್ಲ. ಇದ್ದಾಗಲೂ ಇರಲಿಲ್ಲ ಎನ್ನುತ್ತಾರೆ.

ಶನಿವಾರ ಕೆಲಸ ಬಿಟ್ಟ ಮೇಲೆ ಜಹಾರಿಯ ನಮ್ಮ ಪಾಸ್‌ಪೋರ್ಟುಗಳ ಡಬ್ಬಿ ಹಿಡಿದು ಬಂದ. ಕಳೆದುಹೋಗಬಾರದೆಂದು, ನಾವು ಬಂದ ದಿನವೇ ಅವುಗಳನ್ನು ತೆಗೆದಿಟ್ಟುಕೊಳ್ಳುವುದು ಅವನ ಪದ್ಧತಿ. ನಾವು ಅವಕ್ಕಿಂತ ಮೊದಲೇ ಕಳೆದುಹೋದವರು, ಯಾರೂ ಏನೂ ಅಂದಿರಲಿಲ್ಲ.

"ಓಟಿಗೆ ಓಗೋರು ಓಗಿ, ಯಾರ್ ಬ್ಯಾಡ ಅಂದೋರು" ಎಂದ. "ಆದ್ರೆ 'ಬೇಡ' ಅನ್ನೋದ್ರ ಮ್ಯಾಲೆ ಮುದ್ರೆ ಒತ್ತಿ, ಅದ್ರ ಫೋಟೊ ತೆಗ್ದು ನಂಗ್ ಕಳಿಸ್ಬೇಕು. ಫೋಟೊ ಕಳಿಸ್ದೋರ ಹೆಸ್ರು ಬರೋ ವರ್ಸದ ಪಟ್ಟೀಲಿರ್ತದೆ. ಓಗ್ದೇ ಇದ್ದೋರ್ದೂ ಇರ್ತದೆ. ಓಗಿ ಫೋಟೊ ಕಳಿಸ್ದೇ ಇದ್ದೋರು ಊರಲ್ಲೇ ಹಂದಿ ಕಾಯ್ಕಂಡಿರ್ಲಿ."

ಗ್ಲಿಕೇರಿಯ ಕೇಳಿದಳು, "ದೇಸ ಒಳಕ್ಕೆ ಸೇರ್ಕಂಡ್ರೆ ನಿನ್ ಪಟ್ಟೀನ ನಾಯೀನೂ ಮೂಸಲ್ಲ, ಅದ್ಕಾ ಧಣಿ?"

ಜಹಾರಿಯ ಡಬ್ಬಿಯನ್ನು ಅಲ್ಲೇ ಕವುಚಿದ. ಪಾಸ್‌ಪೋರ್ಟುಗಳು ಮಣ್ಣಿಗೆ ಬಿದ್ದವು. ಬೇಕಾದವರು ಆರಿಸಿಕೊಳ್ಳಲಿ ಎಂದ. ಬಗ್ಗಿ ಕೀಳುವುದು ನಮಗೆ ರೂಢಿ. ಎಲ್ಲರಿಗಿಂತ ಮೊದಲು ಬಗ್ಗಿದವನು ನಾನು.

ನನ್ನ ಓಟಿನ ಕಥೆಯನ್ನೂ ಹೇಳಿಬಿಡಬೇಕು. ಐವತ್ತೊಂಬತ್ತು ವರ್ಷದಲ್ಲಿ ಹದಿನೈದು ಸಲವಾದರೂ ಮತ ಹಾಕಿದ್ದೇನೆ, ಒಮ್ಮೆಯೂ ನನ್ನದನ್ನು ಹಾಕಿಲ್ಲ. ಕೆಂಪು ಬಾವುಟದ ಕಾಲದಲ್ಲಿ ಚೀಟಿಯಲ್ಲಿ ಒಂದೇ ಹೆಸರು. ಹೊರಗೆ ಬ್ಯಾಂಡು, ಅಂಗಡಿಯಲ್ಲಿ ಅವತ್ತೊಂದು ದಿನ ಸಾಸೇಜು. ಚೀಟಿ ಮಡಿಸಿ ಪೆಟ್ಟಿಗೆಗೆ ಹಾಕಿ ಸಾಸೇಜಿನ ಕಡೆಗೆ ಓಡುತ್ತಿದ್ದೆವು. ಬಾವುಟ ಇಳಿದ ಮೇಲೆ ಹತ್ತು ಹೆಸರು ಬಂದವು. ಆಗ ಜಹಾರಿಯನ ಅಪ್ಪ ಮನೆಮನೆಗೆ ಸೂರ್ಯಕಾಂತಿ ಎಣ್ಣೆ ಕೊಟ್ಟು, ಎಲ್ಲಿ ಒತ್ತಬೇಕೆಂದು ತೋರಿಸಿ ಹೋಗುತ್ತಿದ್ದ. ಒಮ್ಮೆ ಎರಡು ಪಕ್ಷದವರ ಎಣ್ಣೆಯನ್ನೂ ಇಸಿದುಕೊಂಡೆ. ಉಂಡ ಮನೆಗೆ ಎರಡು ಬಗೆಯಬಾರದೆಂದು ಎರಡು ಹೆಸರಿನ ಮೇಲೂ ಒತ್ತಿ ಬಂದೆ.

ಭಾನುವಾರ ಬೆಳಿಗ್ಗೆ ಉಳಿದವರೆಲ್ಲ ಬಟ್ಟೆ ಒಗೆಯುವುದಿದೆ ಎಂದರು. ರೈಲು ಹತ್ತಿದವರು ನಾವಿಬ್ಬರೇ. ಅವಳು 'ಬೇಕು' ಒತ್ತಲು ಹೊರಟಿದ್ದಳು. ನಾನು 'ಬೇಡ' ಒತ್ತಿ ಫೋಟೊ ಕಳಿಸಲು ಹೊರಟಿದ್ದೆ. ಹೋಗದಿದ್ದರೂ ಹೆಸರು ಉಳಿಯುತ್ತಿತ್ತಲ್ಲ ಎಂದು ನೀವು ಕೇಳಬಹುದು. ಫೋಟೊ ಕಳಿಸಿದರೆ ಧಣಿಗೆ ಇನ್ನಷ್ಟು ಹತ್ತಿರವಾದೇನು ಎಂಬ ಆಸೆ. ಗ್ಲಿಕೇರಿಯಳಿಗೆ ಹೇಳಿರಲಿಲ್ಲ. ಅವಳಿಗೆ ಗೊತ್ತಿತ್ತು. ಅದಕ್ಕೇ ದಾರಿಯುದ್ದಕ್ಕೂ ಹವಾಮಾನದ ಮಾತಾಡಿದಳು.

ಬರ್ಲಿನ್ನಿನಲ್ಲಿ ಇಳಿದು ಸ್ವಲ್ಪ ದೂರ ನಡೆದಿದ್ದೆವು. ತಿರುವಿನಲ್ಲಿ ಸಾಲು ಕಂಡಿತು. ತಲೆಗೆ ವಸ್ತ್ರ ಕಟ್ಟಿದ ಹೆಂಗಸರು, ನಮ್ಮ ಮಾತು, ನೆಲದ ಮೇಲೆ ಸೂರ್ಯಕಾಂತಿ ಬೀಜದ ಸಿಪ್ಪೆ. ಸಂದೇಹವೇ ಇಲ್ಲ, ನಮ್ಮವರೇ. ನನ್ನ ತಾಯಿ ಕೆಂಪು ಬಾವುಟದ ಕಾಲದಲ್ಲಿ ಕಲಿಸಿದ್ದ ವಿದ್ಯೆ ಒಂದೇ: ಸಾಲು ಕಂಡರೆ ಮೊದಲು ನಿಲ್ಲು, ಏನು ಕೊಡುತ್ತಾರೆಂದು ಆಮೇಲೆ ಕೇಳು. ಹಾಗೆ ನಿಂತು ಒಮ್ಮೆ ಅವಳು ಎರಡೂ ಎಡಗಾಲಿನ ಬೂಟು ತಂದಿದ್ದಳು. ನಾನು ನಿಂತೆ. ಗ್ಲಿಕೇರಿಯಳೂ ನಿಂತಳು. ಮೊದಲೇ ನಿಂತ ಮೇಲೆ ಕೇಳಲು ನಾಚಿಕೆಯಾಗಿ ಕೇಳಲಿಲ್ಲ. ಮಧ್ಯಾಹ್ನವಾಯಿತು, ಬಿಸಿಲು ಗೋಡೆ ಹತ್ತಿತು. ತಂದಿದ್ದ ಮೆಕ್ಕೆಜೋಳದ ಮುದ್ದೆಯನ್ನೂ ಗಿಣ್ಣನ್ನೂ ನಿಂತಲ್ಲೇ ತಿಂದೆವು. ರಾತ್ರಿ ಎಂಟರ ಹೊತ್ತಿಗೆ ಬಾಗಿಲ ಹತ್ತಿರ ಬಂದಾಗ ಮೇಣದಬತ್ತಿಯ ವಾಸನೆ ಬಂತು. ಓಟಿನ ಜಾಗವನ್ನು ಎಷ್ಟು ಪವಿತ್ರವಾಗಿ ಇಟ್ಟಿದ್ದಾರಲ್ಲ ಎಂದುಕೊಂಡೆ.

ಮುಂದಿದ್ದ ಮುದುಕಿ ತಿರುಗಿ, ಮುಟ್ಟಿಸಿಕೊಳ್ಳಲು ತುಳಸಿ ತಂದಿಲ್ಲವೇ ಎಂದು ಕೇಳಿದಳು. ಯಾವುದಕ್ಕೆ ಎಂದೆ. ಸಂತ ಪರಸ್ಕೇವಳ ಬೆರಳಿನ ಎಲುಬನ್ನು ದರ್ಶನಕ್ಕೆ ತಂದಿದ್ದಾರೆ, ಇದು ಅದರ ಸಾಲು ಎಂದಳು. ಓಟಿನ ಜಾಗ ಇನ್ನೂ ನಾಲ್ಕು ಬೀದಿ ಆಚೆಗಿತ್ತು.

"ನಿನ್ ನಂಬ್ಕಂಡ್ ಬಂದ್ನಲ್ಲ, ನನ್ ಎಕ್ಕಡದಲ್ಲಿ ನಾನೇ ಹೊಡ್ಕಬೇಕು" ಎಂದಳು ಗ್ಲಿಕೇರಿಯ. "ನಡಿಯಣ್ಣ."

ಆದರೆ ನನ್ನ ಮುಂದೆ ಇದ್ದವರು ನಾಲ್ಕೇ ಜನ. ಸಂತಳ ಬಾಗಿಲಿಗೆ ಬಂದು ಬೆನ್ನು ತಿರುಗಿಸುವ ಎದೆ ನನಗಿಲ್ಲ. ಒಳಗೆ ಹೋದೆ, ಗ್ಲಿಕೇರಿಯಳೂ ಹಿಂದೆ ಬಂದಳು. ಗಾಜಿನ ಪೆಟ್ಟಿಗೆಯ ಮುಂದೆ ಮಂಡಿಯೂರಿ, ತಾಯಿ, ಧೈರ್ಯ ಕೊಡು ಎಂದು ಕೇಳಲು ಬಾಯಿ ತೆರೆದೆ. ಹೊರಬಿದ್ದದ್ದು: ಪಟ್ಟಿಯಲ್ಲಿ ಹೆಸರು ಉಳಿಸು. ಸಂತಳಿಗೂ ಗಾಬರಿಯಾಗಿರಬೇಕು.

ಪೆಟ್ಟಿಗೆ ಮುಟ್ಟಲು ಕೈ ಚಾಚಿದಾಗ ಪಾದ್ರಿ ನನ್ನ ಮಣಿಕಟ್ಟು ಹಿಡಿದ. ಸೌತೆಬಳ್ಳಿಯ ರಸ ನಮ್ಮ ಬೆರಳಿಗೆ ಹತ್ತಿದರೆ ಕಪ್ಪಗಾಗಿ ಕೂರುತ್ತದೆ; ಯಾವ ಸೋಪಿಗೂ ಬಿಡದು.

"ಈ ಕೈಯಲ್ಲಿ ಮುಟ್ಟುತ್ತೀಯಾ? ದೂರದಿಂದ ನಮಸ್ಕಾರ ಮಾಡು, ಸಾಕು."

ದೂರದಿಂದ ಮಾಡಿದೆ. ಎದ್ದು, ರೂಢಿಯಂತೆ ಅವನ ಕೈಗೆ ಮುತ್ತಿಟ್ಟೆ. ಆ ಕೈಯನ್ನು ಅವನು ನಿಲುವಂಗಿಗೆ ಒರೆಸಿಕೊಂಡ. ಎಲ್ಲಿಗೆ ಹೊರಟವರು ಎಂದು ಕೇಳಿದ. ಓಟಿಗೆ ಎಂದೆ. ಹಾಗಾದರೆ 'ಬೇಡ' ಎಂದೇ ಒತ್ತಬೇಕು, ಯುರೋಪು ನಮ್ಮ ಆತ್ಮವನ್ನು ತಿಂದುಹಾಕುತ್ತದೆ ಎಂದು ಉಪದೇಶಿಸಿದ.

ಗ್ಲಿಕೇರಿಯ ವಿನಯದಿಂದ ಕೇಳಿದಳು, "ಸ್ವಾಮ್ಯಾರು ಇಲ್ಲಿಗ್ ಬಂದು ಎಷ್ಟ್ ವರ್ಸಾಯ್ತು?"

"ಹನ್ನೆರಡು."

"ನಿಮ್ದಿನ್ನೂ ತಿಂದ್ ಮುಗ್ಸಿಲ್ವಾ?"

ಹೊರಗೆ ಬಂದು ಓಡಿದೆವು. ಐವತ್ತೊಂಬತ್ತರ ಮುದುಕನೂ ಅವನ ಪಕ್ಕದ ಮನೆಯ ವಿಧವೆಯೂ ಕೈ ಹಿಡಿದುಕೊಂಡು ಓಡುವುದನ್ನು ಬರ್ಲಿನ್ನಿನ ನಾಯಿಗಳು ನಿಂತು ನೋಡಿದವು. ಓಟಿನ ಜಾಗ ಮುಟ್ಟಿದಾಗ ಬಾಗಿಲು ಮುಚ್ಚಲು ಕಾಲು ಗಂಟೆ ಇತ್ತು. ಮೇಜಿನ ಹಿಂದಿನ ಹೆಂಗಸು ನನ್ನ ಪಾಸ್‌ಪೋರ್ಟಿನ ಮಣ್ಣನ್ನು ಊದಿ, ಹೆಸರು ನೋಡಿ, ಚೀಟಿ ಕೊಟ್ಟಳು. ಒಳಗೆ ಫೋಟೊ ತೆಗೆಯುವಂತಿಲ್ಲ ಎಂದಳು. ಆಗಲಿ ತಾಯಿ ಎಂದೆ. ಯಾರು ಏನೇ ಹೇಳಲಿ, ಆಗಲಿ ಎನ್ನುವುದು ನನ್ನ ಸ್ವಭಾವ.

ಪರದೆಯ ಒಳಗೆ ನಾನೊಬ್ಬನೇ. ಚೀಟಿಯ ಮೇಲೆ ಎರಡು ಮಾತು, ಬೇಕು, ಬೇಡ. ಪಕ್ಕದಲ್ಲಿ ಮುದ್ರೆ. ಯಾರಾದರೂ ಬಂದು ತೋರಿಸಿಕೊಡುತ್ತಾರೇನೋ ಎಂದು ಸ್ವಲ್ಪ ಹೊತ್ತು ಕಾದೆ. ಯಾರೂ ಬರಲಿಲ್ಲ. ಮುದ್ರೆಯನ್ನು 'ಬೇಡ' ಎನ್ನುವುದರ ಮೇಲೆ ತಂದೆ. ಕಪ್ಪು ಬೆರಳುಗಳು ಅಲ್ಲೇ ನಿಂತವು. ಮುಂದಿನ ವರ್ಷವೂ ಹೊಟ್ಟೆಯ ಮೇಲೆ ಮಲಗಿರುತ್ತೇನೆ, ಅದರ ಮುಂದಿನ ವರ್ಷವೂ. ಆಮೇಲೆ ನನ್ನ ಜಾಗಕ್ಕೆ ನನ್ನ ಅಳಿಯ. ಅವನ ಹೆಸರು ಸೇರಿಸಿ ಎಂದು ಕೇಳಲು ನಾನೇ ಟೋಪಿ ತೆಗೆದು ಜಹಾರಿಯನ ಮುಂದೆ ನಿಲ್ಲಬೇಕು. ಆ ಟೋಪಿ ಆಗಲೇ ನನ್ನ ಕೈಯಲ್ಲಿತ್ತು. ಮನುಷ್ಯರಾರೂ ಇಲ್ಲದ ಕಡೆ, ಒಂದು ಚೀಟಿಯ ಮುಂದೆ, ನಾನು ಟೋಪಿ ತೆಗೆದುಕೊಂಡು ನಿಂತಿದ್ದೆ.

ತಲೆಗೆ ಹಾಕಿಕೊಂಡೆ. 'ಬೇಕು' ಎನ್ನುವುದರ ಮೇಲೆ ಒತ್ತಿದೆ. ಮೇಜು ಅಲುಗಾಡಿತು.

ಅಷ್ಟಕ್ಕೇ ಬಂದುಬಿಡಬಹುದಿತ್ತು. ಆದರೆ ಫೋನು ತೆಗೆದೆ. ಮೊದಲ ಫೋಟೊದಲ್ಲಿ ನನ್ನ ಹೆಬ್ಬೆರಳು ಬಂತು. ಎರಡನೆಯದರಲ್ಲಿ ಹೊಟ್ಟೆ. ಮೂರನೆಯದರಲ್ಲಿ ಚೀಟಿ ಸ್ಪಷ್ಟವಾಗಿ ಬಂತು. ಒಳಗೆ ಯಾರದು ಫೋಟೊ ತೆಗೆಯುತ್ತಿರುವುದು ಎಂದು ಮೇಜಿನ ಹೆಂಗಸು ಕೂಗಿದಳು.

"ನಾನೇ ತಾಯಿ, ತಪ್ಪಾಯ್ತು" ಎಂದು, ಚೀಟಿಯನ್ನು ಮಡಿಸಿ ಪೆಟ್ಟಿಗೆಗೆ ಹಾಕಿ ಹೊರಬಂದೆ.

ಮೆಟ್ಟಿಲ ಮೇಲೆ ಗ್ಲಿಕೇರಿಯ ಕಾಯುತ್ತಿದ್ದಳು. ನನ್ನ ಕೈಯಲ್ಲಿ ಫೋನು ಕಂಡು ಮುಖ ತಿರುಗಿಸಿದಳು. "ಕಳಿಸ್ದಾ ನಿನ್ ಧಣಿಗೆ?"

ಫೋಟೊವನ್ನು ತೋರಿಸಿದೆ. ಬಹಳ ಹೊತ್ತು ನೋಡಿದಳು. ಬೆರಳಲ್ಲಿ ಹಿಗ್ಗಿಸಿ, ಮುದ್ರೆ ಯಾವುದರ ಮೇಲಿದೆ ಎಂದು ಮತ್ತೊಮ್ಮೆ ನೋಡಿದಳು.

"ಕಳಿಸ್ಬ್ಯಾಡ ಕಣಣ್ಣ" ಎಂದಳು ಕೊನೆಗೆ. "ಫೋನು ಕೆಟ್ಟೋಗಿತ್ತು ಅಂದ್ಬುಡು. ನಂದು ಬುಡು, ನಾನು ಒಂಟಿ. ನಿಂಗೆ ಸಂಸಾರ ಅದೆ."

ನನಗೂ ಅದೇ ಸರಿ ಅನ್ನಿಸಿತು. ಆದರೂ ಬೆರಳು ಒತ್ತಿಬಿಟ್ಟಿತು. ಫೋಟೊ ಹೋಯಿತು. ಕೆಳಗೆ ಎರಡು ಗೀಟು ನೀಲಿಯಾದವು. ಜಹಾರಿಯ ಬರೆಯುತ್ತಿದ್ದಾನೆ ಎಂದು ಫೋನು ತೋರಿಸಿತು. ನಿಂತಿತು. ಮತ್ತೆ ಬರೆಯುತ್ತಿದ್ದಾನೆ ಎಂದಿತು.

ಫೋಟೊದಲ್ಲಿ ಚೀಟಿ ಮಾತ್ರ ಇತ್ತು, ಯಾರದೆಂದು ಇರಲಿಲ್ಲ. ಅವನಿಗೆ ಅನುಮಾನ ಉಳಿಯಬಾರದು. ಮೆಟ್ಟಿಲ ಮೇಲೆ ಕೂತು, ಒಂದೊಂದೇ ಅಕ್ಷರ ಹುಡುಕಿ, ನನ್ನ ಹೆಸರು ಬರೆದೆ. ಅಪ್ಪನ ಹೆಸರು, ಊರಿನ ಹೆಸರು ಬರೆದೆ. ಅದರ ಕೆಳಗೆ: ಎಡರೆಕ್ಕೆ, ನಾಲ್ಕನೇ ಜಾಗ, ನಾಳೆ ಬೆಳಿಗ್ಗೆ ಐದೂವರೆಗೆ ಬರ್ತೀನಿ.

ಗ್ಲಿಕೇರಿಯ ಫೋನನ್ನು ನನ್ನ ಕೈಯಿಂದ ತೆಗೆದುಕೊಂಡು, ಐದನೇ ಜಾಗದವಳೂ ಬರ್ತಾಳೆ ಎಂದು ಸೇರಿಸಿ ಕಳಿಸಿದಳು.